ಈರೇಶನ ಸೋಮಾರಿ ಕಿಣ್ವ

ಸವಿತಾ ಮೊದಲೆಲ್ಲ ಸಿಟ್ಟಿನವಳಾಗಿರಲಿಲ್ಲ. ಪೀಣ್ಯದ ಪಂಪು ಕಾರ್ಖಾನೆಯಲ್ಲಿ ಅವಳ ಜೊತೆ ವಾಷರ್ ಕೂರಿಸುತ್ತಿದ್ದ ಹೆಂಗಸರೆಲ್ಲ ಹಾಗೇ ಹೇಳುತ್ತಿದ್ದರು. ಅವಳ ತಾಳ್ಮೆ ಕೆಟ್ಟದ್ದು ಮಗ ಈರೇಶ ಬದುಕಿಕೊಂಡ ಮೇಲೆ.

ಅದು ೨೦೧೪. ಎಳೆಗೂಸಿನ ಕಣ್ಣು ಹಳದಿಯಾಗಿ, ಹೊಟ್ಟೆ ಊದಿ, ಯಕೃತ್ತು ಕೈಕೊಟ್ಟಿತ್ತು. ಆಸ್ಪತ್ರೆಯವರೇ ಆಸೆ ಬಿಟ್ಟಿದ್ದರು, ಆದರೆ ಆರೈಕೆ ಬಿಡಲಿಲ್ಲ. ಕೆಲವು ವಾರಗಳಲ್ಲಿ ಕೂಸು ನಿಧಾನಕ್ಕೆ ಚೇತರಿಸಿಕೊಂಡಿತು. ಯಾಕೆಂದು ತಿಳಿದದ್ದು ಆಮೇಲೆ, ಜೀನ್ ಪರೀಕ್ಷೆಯಿಂದ.

ಡಾಕ್ಟರ್ ಶಿವಾನಿ ಅವಳನ್ನು ಕೂರಿಸಿಕೊಂಡು ಬಿಡಿಸಿ ಹೇಳಿದರು. ಜೀವಕೋಶದಲ್ಲಿ ಪ್ರೋಟೀನು ಕಟ್ಟುವಾಗ ಒಂದೊಂದೇ ತುಂಡು ಹೊತ್ತು ತರುವ ಅಣುಗಳಿವೆ, ಟಿಆರ್‌ಎನ್‌ಎ ಎಂದು. ಅವು ಸರಿಯಾಗಿ ದುಡಿಯಬೇಕಾದರೆ ಕೆಲವಕ್ಕೆ ಚೂರು ಗಂಧಕ ಅಂಟಿಸಬೇಕು. ಅಂಟಿಸುವುದು ಒಂದು ಕಿಣ್ವದ ಕೆಲಸ. ಈರೇಶನಲ್ಲಿ ಆ ಕಿಣ್ವ ಸೋಮಾರಿ. ಎಳೆಯ ಮೈಗೆ ಗಂಧಕ ಒದಗಿಸಿಕೊಳ್ಳುವ ಶಕ್ತಿಯೂ ಕಡಿಮೆ, ಹಾಗಾಗಿ ಯಕೃತ್ತು ಸೋತಿತು. ಬೆಳೆಯುತ್ತ ಆ ಶಕ್ತಿ ಬಂತು, ಮಗು ಉಳಿಯಿತು. ದೋಷ ತಂದೆತಾಯಿ ಇಬ್ಬರಿಂದಲೂ ಬಂದದ್ದು ಎಂದರು. ಸವಿತಾ ಸೋದರಮಾವ ಸಂಗಣ್ಣನನ್ನೇ ಮದುವೆಯಾದವಳು.

ಸಂಗಣ್ಣನ ತಾಯಿ ಸಿದ್ದಕ್ಕ ಹಾಗಾಗಿ ಅವಳಿಗೆ ಅತ್ತೆಯೂ ಹೌದು, ಅಜ್ಜಿಯೂ ಹೌದು. ಕೂಸು ಆಸ್ಪತ್ರೆಯಲ್ಲಿದ್ದಾಗ ಸಿದ್ದಕ್ಕ ಅತ್ತಿಬೆಲೆಯ ಕಡೆಯ ನಾಟಿ ವೈದ್ಯನಿಂದ ಬೇರು ತಂದು ಮನೆಯ ಖಾಲಿ ತೊಟ್ಟಿಲಿಗೆ ಕಟ್ಟಿದ್ದಳು. ಮಗು ಉಳಿದದ್ದು ಅದರಿಂದಲೇ ಎಂದು ಚಿಕ್ಕಬಾಣಾವರದ ವಠಾರಕ್ಕೆಲ್ಲ ಸಾರಿದಳು. ತೊಟ್ಟಿಲಲ್ಲಿ ಕೂಸೇ ಇರಲಿಲ್ಲವೆಂದು ಸವಿತಾ ಹೇಳಿ ಹೇಳಿ ಸುಸ್ತಾದಳು. ಸಂಗಣ್ಣನೋ, ಡಾಕ್ಟರೂ ಇದ್ದರು, ಬೇರೂ ಇತ್ತು ಎಂದು ಜಾರಿಕೊಳ್ಳುತ್ತಿದ್ದ. ಭಾನುವಾರ ಬಂತೆಂದರೆ ಬಾಗಿಲಲ್ಲಿ ಅಪರಿಚಿತರು, ಬೇರು ಬೇಕೆಂದು.

ಒಂದು ಭಾನುವಾರ ಕಟ್ಟಡ ಕೆಲಸದ ಮರೆವ್ವ ಬಂದಳು, ಮಡಿಲಲ್ಲಿ ಅರಿಶಿನ ಬಳಿದಂಥ ಹಸುಗೂಸು. ಆಸ್ಪತ್ರೆಯಲ್ಲಿ ತನ್ನನ್ನು ಎಲ್ಲಕ್ಕಿಂತ ಮೊದಲು ಕೇಳಿದ್ದನ್ನೇ ಸವಿತಾ ಕೇಳಿದಳು, ಮಲದ ಬಣ್ಣ ಹೇಗಿದೆ ಎಂದು. ಸುಣ್ಣದಂಗ ಬೆಳ್ಳಗ ಐತಿ ಎಂದಳು ಮರೆವ್ವ. ಈರೇಶನಿಗೆ ಹಾಗಿರಲಿಲ್ಲ. ಸಿದ್ದಕ್ಕ ಆಗಲೇ ಬೇರು ತರಲು ಒಳಗೆ ಹೋಗಿದ್ದಳು.

“ನಮ್ಮ ಹುಡುಗಂದು ತಾನಾ ಆರಾಮ ಆತು. ಎಲ್ಲಾ ಕೂಸಿಗೂ ಹಂಗ ಆಗಂಗಿಲ್ಲವ್ವಾ. ಏಳು, ಹೋಗೂಣು.”

ಸವಿತಾ ಅವಳನ್ನು ಎಳೆದುಕೊಂಡೇ ಹೋಗಿ ಆಸ್ಪತ್ರೆಗೆಂದು ಆಟೋ ಹತ್ತಿಸಿದಳು. ಹಿಂದೆ ಓಡಿ ಬಂದ ಸಿದ್ದಕ್ಕ ಮರೆವ್ವನ ಸೆರಗಿಗೆ ಬೇರು ತುರುಕಿದಳು. ಜಗಳಕ್ಕೆ ಹೊತ್ತಿರಲಿಲ್ಲ.

ಕೂಸಿನ ಪಿತ್ತನಾಳ ಮುಚ್ಚಿಹೋಗಿತ್ತು, ಮಲ ಬೆಳ್ಳಗಾದದ್ದು ಅದಕ್ಕೇ. ತಡಮಾಡಿದ್ದರೆ ಕಷ್ಟವಿತ್ತು ಎಂದು ಕೂಡಲೇ ಶಸ್ತ್ರಚಿಕಿತ್ಸೆ ಮಾಡಿದರು. ಹಳದಿ ಇಳಿಯತೊಡಗಿದ ಮೇಲೆ ಮರೆವ್ವ ತೆಂಗಿನಕಾಯಿ ಹಿಡಿದು ಬಂದಳು. ಸವಿತಾಳನ್ನು ದಾಟಿ ನೇರ ಒಳಗೆ ಹೋಗಿ ಸಿದ್ದಕ್ಕನ ಕಾಲಿಗೆ ಬಿದ್ದಳು.

ಸವಿತಾಳಿಗೆ ಗೋಡೆಗೆ ತಲೆ ಚಚ್ಚಿಕೊಳ್ಳುವಂತಾಯಿತು. ಮರೆವ್ವ ಹೋದ ಮೇಲೆ ಮತ್ತೆ ಟಿಆರ್‌ಎನ್‌ಎ, ಗಂಧಕ, ಕಿಣ್ವ ಎಂದು ಮೊದಲಿಂದ ಶುರುಮಾಡಿದಳು. ಸಿದ್ದಕ್ಕ ಈ ಸಲ ಪೂರ್ತಿ ಕೇಳಿಸಿಕೊಂಡು, ಅಕ್ಕಿ ಆರಿಸುತ್ತಲೇ ಕೇಳಿದಳು:

“ಆತವಾ. ಆ ಸೋಮಾರಿನ್ನ ಎಬ್ಬಿಸಿದ್ದು ಯಾರು ಹಂಗಾರ?”

ಸವಿತಾ ವಾದ ಕೈಬಿಟ್ಟಳು. ಬದಲಿಗೆ ಒಂದು ಕಟ್ಟುನಿಟ್ಟು ಮಾಡಿದಳು: ಮೊದಲು ಆಸ್ಪತ್ರೆಗೆ ತೋರಿಸಿ ಬಂದವರಿಗಷ್ಟೇ ಬೇರು. ಸಿದ್ದಕ್ಕ ಗೊಣಗುತ್ತ ಒಪ್ಪಿದಳು. ಅಂದಿನಿಂದ ಭಾನುವಾರಗಳಂದು ಸವಿತಾ ಹೊಸ್ತಿಲಲ್ಲೇ ಕೂತು, ಬಂದವರನ್ನು ಬೈದು ಬೈದು ಬಸ್ ಸ್ಟಾಪಿಗೆ ಕಳಿಸುತ್ತಿದ್ದಳು.