ಒಂಬತ್ತನೇ ಸೀಟಿನ ಅಮ್ಮ

ನಮ್ಮ ಯಜಮಾನರ ಹೆಸರು ದಾಸಣ್ಣ. ಮೂವತ್ನಾಲ್ಕು ವರ್ಷ ಸರ್ಕಾರಿ ಬಸ್ಸಿನ ಕಂಡಕ್ಟರ್. ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ರಸ್ತೆಗಳ ಗುಂಡಿಗಳನ್ನು ಕಣ್ಣು ಮುಚ್ಚಿಕೊಂಡು ಹೇಳುವಷ್ಟು ಓಡಾಡಿ ಹೋದ ವರ್ಷ ನಿವೃತ್ತರಾದರು. ನಿವೃತ್ತಿ ಅವರಿಗೆ, ಪಡಿಪಾಟಲು ನನಗೆ. ಬೆಳಗಿನ ನಾಲ್ಕೂವರೆಗೇ ಎದ್ದು, ಇಸ್ತ್ರಿ ಮಾಡಿದ ಷರ್ಟು ತೊಟ್ಟು, ಜೇಬಿಗೆ ಪೆನ್ನು ಸಿಕ್ಕಿಸಿಕೊಂಡು ಜಗುಲಿಯ ಮೇಲೆ ಕೂತುಬಿಡುವರು. ಹೋಗುವುದಕ್ಕೆ ಮಾತ್ರ ಎಲ್ಲೂ ಇಲ್ಲ. ರೇಷನ್ ಅಂಗಡಿಯ ಸಾಲಿನಲ್ಲಿ ನಿಂತು, "ಒಳಗೆ ನಡೀರಿ, ಒಳಗೆ ಜಾಗ ಐತೆ" ಅಂತ ಜನರನ್ನು ಸರಿಸಿ ಬೈಸಿಕೊಂಡು ಬಂದರು. ನಮ್ಮ ತಂಗಿಯ ಮನೆ ಮದುವೆಯಲ್ಲಿ ಊಟದ ಪಂಕ್ತಿಯ ತಲೆಗಳನ್ನು ಪೆನ್ನು ತೋರಿಸಿ ಎಣಿಸಿದರು.

ನಾನು ಮೊದಮೊದಲು ನಕ್ಕೆ. ಆಮೇಲೆ ಒಂದು ದಿನ ಕೊತ್ತಂಬರಿ ಸೊಪ್ಪು ತರಲು ಹೋದಾಗ ಹಿರಿಯೂರು ಬಸ್ ಸ್ಟ್ಯಾಂಡಿನ ಕಲ್ಲುಬೆಂಚಿನ ಮೇಲೆ ಇವರು ಒಬ್ಬರೇ ಕೂತು ಬೇರೆಯವರ ಬಸ್ಸುಗಳನ್ನು ನೋಡುತ್ತಿದ್ದುದು ಕಣ್ಣಿಗೆ ಬಿತ್ತು. ಮಾತನಾಡಿಸದೆ ಮನೆಗೆ ಬಂದೆ. ಅವತ್ತಿನಿಂದ ನನಗೆ ನಗು ಬರಲಿಲ್ಲ.

ಅಂಥ ಹೊತ್ತಿನಲ್ಲಿ ಸಿಕ್ಕವನು ಚಿತ್ರದುರ್ಗದ ಬಸವೇಶ್. ಹೊಸದಾಗಿ ಟ್ರಾವೆಲ್ಸ್ ತೆರೆದಿದ್ದ. ಭಾನುವಾರಕ್ಕೊಂದು ಒಂದು ದಿನದ ಪ್ರವಾಸ: ದುರ್ಗದಿಂದ ಹೊರಟು ಹೊಳಲ್ಕೆರೆಯ ಬಯಲು ಗಣಪತಿ, ಹೊಸದುರ್ಗದ ಹಾಲುರಾಮೇಶ್ವರ, ಮಾರಿಕಣಿವೆಯ ಅಣೆಕಟ್ಟು, ಹಿರಿಯೂರಿನ ತೇರುಮಲ್ಲೇಶ್ವರ, ರಾತ್ರಿ ಊಟದ ಹೊತ್ತಿಗೆ ವಾಪಸ್. ಅದಕ್ಕೊಬ್ಬ ಗೈಡ್ ಬೇಕಾಗಿತ್ತು. ಇವರನ್ನು ಕರೆದು ಎರಡು ಮಾತು ಹೇಳಿದನಂತೆ.

"ಒಂದು ಟ್ರಿಪ್ ನೋಡಾಣ ಅಣ್ಣ. ಒಂದೇ ಒಂದು ಕಂಪ್ಲೇಂಟ್ ಬಂದ್ರೂ ಅಲ್ಲಿಗೆ ಮುಗೀತು, ಬೇಜಾರು ಮಾಡ್ಕಬ್ಯಾಡ್ರಿ. ಇನ್ನೊಂದು, ಇದು ಟೂರಿಸ್ಟ್ ಬಸ್ಸು. ದಾರಿಯಾಗೆ ಕೈ ಎತ್ತಿದೋರ್ನೆಲ್ಲ ಹತ್ತಿಸ್ಕಬ್ಯಾಡ್ರಿ."

ಈ ಎರಡನೆಯದು ಇವರಿಗೆ ಕಷ್ಟದ್ದು ಅಂತ ನನಗೆ ಗೊತ್ತಿತ್ತು. ಬಿಸಿಲಲ್ಲಿ ಕೈ ಎತ್ತಿ ನಿಂತವರನ್ನು ದಾಟಿ ಹೋಗುವುದು ಇವರ ಜಾಯಮಾನದಲ್ಲೇ ಇಲ್ಲ. ಹುಡುಗಿಯಾಗಿದ್ದಾಗ ಹೊಲಿಗೆ ಕ್ಲಾಸಿಗೆ ಹೊರಟಿದ್ದ ನಾನು ಒಂದು ದಿನ ಹೊತ್ತಾಗಿ ರಸ್ತೆ ಬದಿಯಲ್ಲಿ ಕೈ ಎತ್ತಿದ್ದೆ. ಮೂರು ಬಸ್ಸು ನಿಲ್ಲಿಸದೆ ಹೋದವು. ನಾಲ್ಕನೆಯದು ತುಂಬಿ ತುಳುಕುತ್ತಿದ್ದರೂ ನಿಂತಿತು. ಬಾಗಿಲಲ್ಲಿ ಇವರಿದ್ದರು. ಮರು ವರ್ಷ ಮದುವೆ. ಎತ್ತಿದ ಕೈ ಇಳಿಸಿದ್ದರೆ ನನ್ನ ಬಾಳು ಬೇರೆಯಾಗುತ್ತಿತ್ತು ಅಂತ ಜಗಳವಾದಾಗಲೆಲ್ಲ ಇವರಿಗೆ ಹೇಳುತ್ತಿರುತ್ತೇನೆ.

ಮೊದಲ ಟ್ರಿಪ್ಪಿಗೆ ನಾನೂ ಬರುತ್ತೇನೆ ಅಂದೆ. ಇವರು ಮುಖ ಗಂಟಿಕ್ಕಿದರು.

"ಡ್ಯೂಟಿ ಮ್ಯಾಲೆ ಹೆಂಡ್ತೀನ ಕರ್ಕೊಂಡು ಹೋಗಾಕೆ ಆಗ್ತೈತೇನೇ? ಜನ ಏನಂದಾರು?"

"ನಾನು ನಿಮ್ಮ ಹೆಂಡ್ತಿಯಾಗಿ ಬರಲ್ಲ ಕಣ್ರಿ. ಟಿಕೆಟ್ ತಗಂಡು ಪ್ಯಾಸೆಂಜರಾಗಿ ಬರ್ತೀನಿ. ನೀವು ನನ್ನ ಮಾತಾಡಿಸಬ್ಯಾಡ್ರಿ, ನಾನೂ ಮಾತಾಡಿಸಲ್ಲ."

ಹಾಗೆ ನನಗೆ ಒಂಬತ್ತನೇ ಸೀಟು ಬಂತು.

ಭಾನುವಾರ ಬೆಳಿಗ್ಗೆ ದುರ್ಗದಲ್ಲಿ ಮಿನಿ ಬಸ್ಸು ಹತ್ತಿದಾಗ ಒಟ್ಟು ಹದಿನಾರು ಜನ ಪ್ರವಾಸಿಗಳು. ಡ್ರೈವರ್ ಬಾಲರಾಜು. ಇವರು ಹಿಂದಿನ ಸೀಟಿನಿಂದ ಮುಂದಕ್ಕೆ ಪೆನ್ನು ತೋರಿಸುತ್ತಾ ಎಣಿಸಿ, ಬಾಯಿಗೆ ಸೀಟಿ ಇಟ್ಟು ಊದಿ, "ರೈಟ್" ಅಂದರು. ಪ್ರವಾಸದ ಬಸ್ಸಿಗೆ ಸೀಟಿ ಊದುವವರನ್ನು ಯಾರೂ ಕಂಡಿರಲಿಲ್ಲ. ಎಲ್ಲರೂ ನಕ್ಕರು. ಇವರಿಗೆ ಆ ನಗು ಹಿಡಿಸಿತು ಅಂತ ಕಿವಿ ಕೆಂಪಾದದ್ದರಲ್ಲೇ ಗೊತ್ತಾಯಿತು.

ನಿಜ ಹೇಳುತ್ತೇನೆ, ಗೈಡ್ ಕೆಲಸ ಇವರು ಚೆನ್ನಾಗಿಯೇ ಮಾಡಿದರು. ಯಾವ ರಾಜ, ಯಾವ ಇಸವಿ ಅಂತ ಕೇಳಿದರೆ ಚೀಟಿ ನೋಡಿ ಓದುವರು. ಆದರೆ ಯಾವ ಊರಲ್ಲಿ ಯಾರು ಯಾಕೆ ಇಳಿಯುತ್ತಿದ್ದರು ಅನ್ನುವುದು ಚೀಟಿಯಿಲ್ಲದೆ ಬರುತ್ತಿತ್ತು. ಹೊಳಲ್ಕೆರೆಯಲ್ಲಿ ಆಕಾಶವೇ ಸೂರಾಗಿ ಕೂತ ದೊಡ್ಡ ಗಣಪತಿಗೆ ಎಲ್ಲರೂ ಮುಂದಿನಿಂದ ಕೈ ಮುಗಿದು ಫೋಟೊ ತೆಗೆದುಕೊಂಡು ಹೊರಟರು. ಇವರು ಬಿಡಲಿಲ್ಲ. "ಹಿಂದಕ್ಕೆ ಬರ್ರಿ, ಹಿಂದಕ್ಕೆ. ಇಲ್ಲಿ ಬಂದು ಸ್ವಾಮಿ ಜಡೆ ನೋಡ್ದೆ ಹೋದ್ರೆ ಏನ್ ಬಂದಂಗಾತು?" ಅಂತ ಎಲ್ಲರನ್ನೂ ಬೆನ್ನ ಕಡೆಗೆ ಕರೆದೊಯ್ದು, ಇಳಿಬಿದ್ದ ಜಡೆ ತೋರಿಸಿದರು. ನನ್ನ ಕಡೆ ತಿರುಗಿ, "ಒಂಬತ್ತನೇ ಸೀಟಿನ ಅಮ್ಮಾರು ಸ್ವಲ್ಪ ಈ ಕಡೆ ಸರೀರಿ, ಹಿಂದಿನೋರಿಗೆ ಕಾಣಲ್ಲ" ಅಂದರು. ನಾನು ಸರಿದು ನಿಂತೆ. ಮನೆಗೆ ಬರಲಿ, ನೋಡಿಕೊಳ್ಳೋಣ ಅಂದುಕೊಂಡೆ.

ಹೊಸದುರ್ಗದಲ್ಲಿ ಊಟ ಮುಗಿಸಿ ಹಾಲುರಾಮೇಶ್ವರಕ್ಕೆ ಬಂದಾಗ ಎರಡು ಗಂಟೆಯಾಗಿತ್ತು. ಅಲ್ಲೊಂದು ಕೊಳ. ಮೆಟ್ಟಿಲ ಮೇಲೆ ಕೂತು ಗಂಗಮ್ಮನನ್ನು ಬೇಡಿಕೊಂಡರೆ ನೀರಿನಲ್ಲಿ ಹೂವೋ ಹಣ್ಣೋ ತೇಲಿ ಬರುತ್ತದೆ, ಬಂದದ್ದೇ ಪ್ರಸಾದ ಅಂತ ನಮ್ಮ ಕಡೆಯ ನಂಬಿಕೆ. ಚಪ್ಪಲಿ, ಚೀಲ, ಫೋನು ಎಲ್ಲವನ್ನೂ ಬಸ್ಸಿನಲ್ಲೇ ಬಿಟ್ಟು ಇಳಿದೆ. ಇವರು ಇಪ್ಪತ್ತು ನಿಮಿಷ ಕೊಟ್ಟರು.

ನನ್ನ ಪಕ್ಕ ಕೂತವರು ದಾಕ್ಷಾಯಣಮ್ಮ. ಭರಮಸಾಗರದ ನಿವೃತ್ತ ಟೀಚರ್, ಬಿಳಿ ಸೀರೆಗೆ ಪಿನ್ನು ಚುಚ್ಚಿದ್ದ ಗಟ್ಟಿ ಹೆಂಗಸು. ಕಾಲು ಮುರಿದುಕೊಂಡು ಮಲಗಿರುವ ಅವರ ತಂಗಿ, ಕೊಳದಲ್ಲಿ ಏನು ಬಂದರೂ ತಂದುಕೊಡು ಅಂತ ಹೇಳಿ ಕಳಿಸಿದ್ದರಂತೆ. ಇಪ್ಪತ್ತು ನಿಮಿಷ ಕಳೆಯಿತು. ಏನೂ ಬರಲಿಲ್ಲ. ಎಲ್ಲರೂ ಎದ್ದು ಹೋದರು. ದಾಕ್ಷಾಯಣಮ್ಮ ಏಳಲಿಲ್ಲ.

"ಹೊತ್ತಾತು, ಹೋಗಾಣ ಬರ್ರಿ" ಅಂದೆ.

"ಬರಿಗೈಲಿ ಹೆಂಗೆ ಹೋಗ್ಲಿ? ಇನ್ನೊಂದು ಚೂರು ಇರ್ರಿ."

ಒಬ್ಬರನ್ನೇ ಬಿಟ್ಟು ಹೋಗಲು ಮನಸ್ಸಾಗಲಿಲ್ಲ. ಅಷ್ಟರಲ್ಲಿ ಸೀಟಿ ಕೇಳಿಸಿತು. ನಾನು ಗಾಬರಿಯಾಗಲಿಲ್ಲ. ತಲೆ ಎಣಿಸದೆ ನಮ್ಮ ಯಜಮಾನರು ಬಸ್ಸು ಬಿಡುವವರೇ ಅಲ್ಲ. ಆಮೇಲೆ ಬಸ್ಸಿನ ಸದ್ದು ಕೇಳಿಸಿತು, ದೂರವಾಯಿತು. ಓಡಿ ಮೇಲೆ ಬಂದು ನೋಡಿದರೆ ಬರೀ ಧೂಳು.

ಏನಾಗಿತ್ತು ಅಂತ ಆಮೇಲೆ ತಿಳಿಯಿತು. ದೇವಸ್ಥಾನದ ಮುಂದೆ ಒಂದು ಮುದಿ ಜೋಡಿ, ಗಂಡ ಹೆಂಡತಿ, ಮೂಟೆ ಇಟ್ಟುಕೊಂಡು ಮಾಡದಕೆರೆಗೆ ಹೋಗಲು ಬಸ್ಸಿಲ್ಲದೆ ನಿಂತಿದ್ದರು. ನಮ್ಮ ಬಸ್ಸು ಹೊರಡುವುದು ಕಂಡ ಕೂಡಲೇ ಕೈ ಎತ್ತಿದರು. ಬಸವೇಶ್ ಹೇಳಿದ್ದು ನಮ್ಮ ಯಜಮಾನರಿಗೆ ಅಲ್ಲಿಗೆ ಮರೆತುಹೋಯಿತು. "ಹತ್ರಿ, ಹಿಂದೆ ಕುಂತ್ಕಳ್ರಿ" ಅಂತ ಹತ್ತಿಸಿಕೊಂಡು, ಕೂತ ಕ್ರಮದಲ್ಲೇ ಪೆನ್ನು ತೋರಿಸಿ ಎಣಿಸಿದರು. ಹದಿನಾರು. ಲೆಕ್ಕ ಸರಿ. ಕಂಡಕ್ಟರಿಗೆ ತಲೆ ಮುಖ್ಯ, ಮುಖ ಅಲ್ಲ. ರೈಟ್.

ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಮೂವತ್ತು ವರ್ಷದ ಸಂಸಾರ, ಒಂಬತ್ತನೇ ಸೀಟು ಖಾಲಿ ಅನ್ನುವುದೂ ಕಾಣಿಸಲಿಲ್ಲವಲ್ಲ ಈ ಮನುಷ್ಯನಿಗೆ! ಬರಿಗಾಲಲ್ಲಿ ಬಿಸಿ ಕಲ್ಲಿನ ಮೇಲೆ ನಿಂತು ಬಾಯಿಗೆ ಬಂದದ್ದನ್ನೆಲ್ಲ ಬೈದೆ. ದಾಕ್ಷಾಯಣಮ್ಮ ಬೈಯಲಿಲ್ಲ. ಸೆರಗಿನ ಗಂಟಿನಿಂದ ಫೋನು ತೆಗೆದು ಟಿಕೆಟ್ಟಿನ ಮೇಲಿದ್ದ ಬಸವೇಶನ ನಂಬರ್ ಓದತೊಡಗಿದರು.

"ಯಾರಿಗ್ರಿ ಫೋನು?"

"ಓನರಿಗೆ. ಇಬ್ಬರು ಹೆಣ್ಮಕ್ಕಳನ್ನ ಬಿಟ್ಟು ಹೋಗೋದು ಅಂದ್ರೇನು? ಈ ಮನುಷ್ಯಂಗೆ ಇನ್ನೊಂದು ದಿನ ಈ ಕೆಲಸ ಇರಬಾರದು."

ನನ್ನ ಸಿಟ್ಟು ಜರ್ರನೆ ಇಳಿಯಿತು. ಬಸ್ ಸ್ಟ್ಯಾಂಡಿನ ಕಲ್ಲುಬೆಂಚು ಕಣ್ಣಮುಂದೆ ಬಂತು. ಅವರ ಕೈ ಹಿಡಿದುಕೊಂಡೆ.

"ಸ್ವಲ್ಪ ತಡೀರಿ. ವಾಪಸ್ ಬರ್ತಾರೆ. ಅವರ ಫೋನ್ ಡ್ಯೂಟಿ ಟೈಮಲ್ಲಿ ಆಫ್ ಇರ್ತೈತೆ, ಆದ್ರೂ ಬಂದೇ ಬರ್ತಾರೆ."

"ನಿಮಗೆ ಹೆಂಗೆ ಗೊತ್ತು?"

"ನಮ್ಮ ಯಜಮಾನ್ರು ಕಣ್ರಿ ಅವರು."

ದಾಕ್ಷಾಯಣಮ್ಮ ಕನ್ನಡಕ ಸರಿ ಮಾಡಿಕೊಂಡು ನನ್ನನ್ನು ನೋಡಿದರು. "ಬೆಳಗ್ಗಿಂದ ನಿಮ್ಮನ್ನ ಒಂಬತ್ತನೇ ಸೀಟಿನ ಅಮ್ಮ ಅಂತಿದ್ರಲ್ರಿ."

"ಡ್ಯೂಟಿ ಮ್ಯಾಲೆ ಹೆಂಡ್ತಿ ಇರಬಾರದಂತೆ" ಅಂದೆ. ಅಷ್ಟು ಹೊತ್ತು ಬಾರದ ಅಳು ಆಗ ಬಂತು. ಜಗುಲಿ, ಇಸ್ತ್ರಿ ಷರ್ಟು, ಕಲ್ಲುಬೆಂಚು, ಬಸವೇಶ್ ಹಾಕಿದ ಷರತ್ತು, ಎಲ್ಲವನ್ನೂ ಹೇಳಿಬಿಟ್ಟೆ. ಅವರು ಪೂರ್ತಿ ಕೇಳಿಸಿಕೊಂಡರು. ಆದರೆ ಟೀಚರಲ್ಲವೇ, ಗಡುವು ಕೊಡದೆ ಬಿಡಲಿಲ್ಲ.

"ಮೂರೂವರೆ. ಅಷ್ಟರಾಗೆ ಬರಲಿಲ್ಲ ಅಂದ್ರೆ ನಾನು ಫೋನ್ ಮಾಡೋಳೇ."

ಮತ್ತೆ ಕೊಳದ ಮೆಟ್ಟಿಲಿಗೆ ಬಂದು ಕೂತೆವು. ಮಧ್ಯಾಹ್ನದ ಹೊತ್ತು, ಬೇರೆ ಯಾರೂ ಇರಲಿಲ್ಲ. ಅವರು ತಂಗಿಗಾಗಿ ಬೇಡಿಕೊಂಡರು. ನಾನು ಗಂಗಮ್ಮನ ಹತ್ತಿರ ಹೂವು ಹಣ್ಣು ಕೇಳಲಿಲ್ಲ. ನಮ್ಮ ಯಜಮಾನರು ಇನ್ನೊಂದು ಸಲ ಎಣಿಸಲಿ ತಾಯಿ, ಅಷ್ಟು ಸಾಕು ಅಂದೆ. ಸ್ವಲ್ಪ ಹೊತ್ತಿಗೆ ಒಂದು ನಿಂಬೆಹಣ್ಣು ನೀರಿನ ಮೇಲೆ ಆಡುತ್ತಾ ಆಡುತ್ತಾ ದಾಕ್ಷಾಯಣಮ್ಮನ ಕಾಲ ಬಳಿ ಬಂತು. ಮೇಲಿನಿಂದ ಯಾರಾದರೂ ಬಿಟ್ಟಿದ್ದೋ, ಒಳಗಿನಿಂದ ಬಂದದ್ದೋ, ನಾನು ವಿಚಾರಿಸಲು ಹೋಗಲಿಲ್ಲ. ಅವರು ಅದನ್ನು ಕಣ್ಣಿಗೊತ್ತಿಕೊಂಡು ಸೆರಗಿಗೆ ಕಟ್ಟಿಕೊಂಡರು.

ಮೂರೂವರೆ ಆಯಿತು. ಬಸ್ಸಿಲ್ಲ. ನಾನು ಅವರ ಕೈಗಡಿಯಾರವನ್ನೇ ನೋಡುತ್ತಿದ್ದೆ. ಅವರೂ ನೋಡಿದರು. ಫೋನು ಕೈಗೆತ್ತಿಕೊಂಡು, ಮತ್ತೆ ಮೆಟ್ಟಿಲ ಮೇಲೆ ಬೋರಲು ಹಾಕಿದರು.

"ನನ್ನ ವಾಚು ಹತ್ತು ನಿಮಿಷ ಮುಂದೈತೆ" ಅಂದರು.

ಆಮೇಲೆ ಸೀಟಿ ಕೇಳಿಸಿತು. ಒಂದಲ್ಲ, ರಸ್ತೆಯ ತಿರುವಿನಿಂದಲೇ ಬಿಡದೆ ಊದುತ್ತಿದ್ದ ಸೀಟಿ. ಮಾಡದಕೆರೆಯಲ್ಲಿ ಮುದಿ ಜೋಡಿ ಇಳಿದ ಮೇಲೆ ಅಭ್ಯಾಸದಂತೆ ಮತ್ತೆ ಎಣಿಸಿದರಂತೆ. ಹದಿನಾಲ್ಕು. ಇನ್ನೊಮ್ಮೆ ಎಣಿಸಿದರಂತೆ. ಹದಿನಾಲ್ಕೇ. ಒಂಬತ್ತನೇ ಸೀಟಿನ ಮೇಲೆ ನನ್ನ ಚೀಲ ಮಾತ್ರ ಕೂತಿತ್ತಂತೆ. "ಬಾಲರಾಜು, ತಿರುಗಿಸಪ್ಪ" ಅಂದವರು ದಾರಿಯುದ್ದಕ್ಕೂ ಕೂರಲೇ ಇಲ್ಲವಂತೆ. ಅಣೆಕಟ್ಟು ನೋಡುವುದು ತಡವಾಗುತ್ತದೆ ಅಂದವರಿಗೆ, "ಅಣೆಕಟ್ಟು ಎಲ್ಲಿಗೂ ಎದ್ದು ಹೋಗಲ್ಲ, ಸುಮ್ನೆ ಕುಂತ್ಕಳ್ರಿ" ಅಂತ ರೇಗಿದರಂತೆ.

ಮೆಟ್ಟಿಲಿಳಿದು ಬಂದು ನಮ್ಮ ಮುಂದೆ ನಿಂತರು. ಷರ್ಟು ಒದ್ದೆಯಾಗಿತ್ತು. ದಾಕ್ಷಾಯಣಮ್ಮನಿಗೆ ಕೈ ಮುಗಿದು, "ತಪ್ಪಾತ್ರಿ ಮೇಡಂ" ಅಂದರು. ನನ್ನ ಕಡೆ ತಿರುಗಿದರು. ಜೇಬಿನ ಪೆನ್ನು ತೆಗೆದು ದಾಕ್ಷಾಯಣಮ್ಮನನ್ನು ತೋರಿಸಿ "ಹದಿನೈದು" ಅಂದರು. ನನ್ನನ್ನು ತೋರಿಸಿ "ಹದಿನಾರು" ಅನ್ನುವಷ್ಟರಲ್ಲಿ ದನಿ ಒಡೆಯಿತು.

"ಎಣಿಸಿದ್ದು ಸಾಕು, ನಡೀರಿ. ನನ್ನ ಕಾಲು ಸುಡ್ತಾ ಐತೆ" ಅಂದೆ. ಮೇಲೆ ನಿಂತಿದ್ದ ಹದಿನಾಲ್ಕು ಜನರಿಗೂ ನಾನು ಯಾರು ಅನ್ನುವುದು ಆಗ ಗೊತ್ತಾಯಿತು.

ತಡವಾದದ್ದರಿಂದ ಮಾರಿಕಣಿವೆ ಮುಟ್ಟುವ ಹೊತ್ತಿಗೆ ಬಿಸಿಲು ಇಳಿದಿತ್ತು. ವೇದಾವತಿಯ ನೀರು ಗುಡ್ಡಗಳ ಸಂದಿನವರೆಗೂ ತುಂಬಿ ಕೆಂಪಗೆ ಹೊಳೆಯುತ್ತಿತ್ತು. ತಡವಾಯಿತು ಅಂತ ಗೊಣಗಿದ್ದವರೇ ಅಲ್ಲಿಂದ ಏಳಲು ಒಲ್ಲೆ ಅಂದರು. ತೇರುಮಲ್ಲೇಶ್ವರನಿಗೆ ಅವಸರದಲ್ಲಿ ಕೈ ಮುಗಿದು ದುರ್ಗಕ್ಕೆ ಬಂದೆವು. ಬಸವೇಶ್ ಕಾಯುತ್ತಿದ್ದ.

"ಎಲ್ಲಾ ಚೆನ್ನಾಗಾತೇನ್ರಿ? ಏನಾದ್ರೂ ತೊಂದ್ರೆ?" ಅಂತ ಎಲ್ಲರನ್ನೂ ಕೇಳಿದ. ಯಾರೂ ಬಾಯಿ ಬಿಡಲಿಲ್ಲ. ನನ್ನ ಎದೆ ಹಗುರಾಯಿತು. ಆಗ ನಮ್ಮ ಯಜಮಾನರೇ ಮುಂದೆ ಬಂದರು.

"ತೊಂದ್ರೆ ಆಗೈತೆ ಸಾರ್. ನೀವು ಬ್ಯಾಡ ಅಂದಿದ್ರಿ, ನಾನು ಇಬ್ಬರನ್ನ ಹತ್ತಿಸ್ಕಂಡೆ. ಈ ಇಬ್ಬರನ್ನ ಬಿಟ್ಟು ಹೋದೆ. ಅದರಾಗೆ ಒಬ್ಬಳು ನನ್ನ ಹೆಂಡ್ತಿ."

ಈ ಮನುಷ್ಯನಿಗೆ ಒಂದು ಸಲವಾದರೂ ಸುಮ್ಮನಿರಲು ಬಾರದಲ್ಲ ಅಂತ ಹಲ್ಲು ಕಚ್ಚಿದೆ. ಬಸವೇಶನ ಮುಖ ಬಿಗಿಯಿತು. "ಮೊದಲನೇ ಟ್ರಿಪ್ಪಿಗೇ ಹಿಂಗಾದ್ರೆ ಹೆಂಗಣ್ಣ?" ಅಂದವನು ದಾಕ್ಷಾಯಣಮ್ಮನ ಕಡೆ ತಿರುಗಿದ. "ಮೇಡಂ, ನೀವು ಏನ್ ಹೇಳ್ತೀರೋ ಹಂಗೆ."

ಅವರು ಸೆರಗಿನ ಗಂಟನ್ನು ಒಮ್ಮೆ ಮುಟ್ಟಿ ನೋಡಿಕೊಂಡರು. "ನನ್ನದು ಒಂದು ಕಂಪ್ಲೇಂಟ್ ಐತೆ. ಆ ಕೊಳದ ಹತ್ರ ಇಪ್ಪತ್ತು ನಿಮಿಷ ಏನಕ್ಕೂ ಸಾಲಲ್ಲ. ಒಂದು ತಾಸು ಮಾಡ್ರಿ. ನಮ್ಮ ತಂಗಿ ಕಾಲು ವಾಸಿಯಾದ ಮ್ಯಾಲೆ ಇಬ್ಬರೂ ಬರ್ತೀವಿ, ಇವರೇ ಇರಬೇಕು."

ಬಸವೇಶ್ ಇವರ ಕಡೆ ತಿರುಗಿದ. "ಇನ್ನೊಂದು ವಾರ ನೋಡಾಣ. ಆದ್ರೆ ದಾರಿಯಾಗೆ ಯಾರನ್ನೂ ಹತ್ತಿಸ್ಕಬ್ಯಾಡ್ರಿ ಅಣ್ಣ, ಕೈ ಮುಗೀತೀನಿ."

ಮರು ಭಾನುವಾರವೂ ನಾನು ಟಿಕೆಟ್ ತೆಗೆದುಕೊಂಡು ಹೋದೆ. ಈ ಸಲ ಇವರು ಬೇಡ ಅನ್ನಲಿಲ್ಲ. ಹೊಳಲ್ಕೆರೆ ದಾಟಿದ ಮೇಲೆ ರಸ್ತೆ ಬದಿಯಲ್ಲಿ ಒಬ್ಬ ಹೆಂಗಸು ಕಂಕುಳಲ್ಲಿ ಕೂಸು ಇಟ್ಟುಕೊಂಡು ಬಿಸಿಲಲ್ಲಿ ನಿಂತಿದ್ದಳು. ಬಸ್ಸು ಕಂಡು ಕೈ ಎತ್ತಿದಳು. ಇವರು ನೋಡಿದರು. ತುಟಿ ಬಿಗಿಹಿಡಿದು ಮುಖವನ್ನು ಆ ಕಡೆಯ ಕಿಟಕಿಗೆ ತಿರುಗಿಸಿಕೊಂಡರು. ಇವರು ಹಾಗೆ ಮುಖ ತಿರುಗಿಸಿದ್ದನ್ನು ನಾನು ಮದುವೆಯಾದಾಗಿನಿಂದ ನೋಡಿರಲಿಲ್ಲ. ನನಗೆ ತಡೆಯಲಾಗಲಿಲ್ಲ.

"ಬಾಲರಾಜು, ನಿಲ್ಸಪ್ಪ" ಅಂದೆ.

ಬಸ್ಸು ನಿಂತಿತು. ಆ ಹೆಂಗಸು ಹತ್ತಿ ನನ್ನ ಪಕ್ಕ ಕೂತಳು. ಇವರು ನನ್ನನ್ನೇ ನೋಡುತ್ತಾ ನಿಂತರು.

"ಏನ್ ನೋಡ್ತೀರ? ಬಸವೇಶಂಗೆ ಒಂಬತ್ತನೇ ಸೀಟಿನೋಳು ಹತ್ತಿಸ್ಕಂಡ್ಲು ಅಂತ ಹೇಳ್ರಿ. ನೀವು ಎಣಿಸ್ರಿ."

ಇವರು ಜೇಬಿನಿಂದ ಪೆನ್ನು ತೆಗೆದರು. ಹಿಂದಿನ ಸೀಟಿಗೆ ಹೋಗಲಿಲ್ಲ. ನನ್ನ ಮುಂದೆ ನಿಂತು, ನನ್ನನ್ನು ತೋರಿಸಿ, "ಒಂದು" ಅಂತ ಶುರು ಮಾಡಿದರು.