ತಾಗೇತಿ ಎನ್ನುತ್ತಿದ್ದ ಭರಮು

ಭರಮು ಔಟಾದದ್ದು ನಮಗೆ ಗೊತ್ತಾಗುತ್ತಿದ್ದದ್ದು ಅವನ ಹಲ್ಲಿನಿಂದ. ಚೆಂಡು ಬ್ಯಾಟಿನ ಅಂಚು ಸವರಿ ಕೀಪರನ ಕೈ ಸೇರಿದ್ದೇ ತಡ, ಎಡಗೈ ಗ್ಲೌಸನ್ನು ಹಲ್ಲಿನಿಂದ ಕಚ್ಚಿ ಎಳೆಯುತ್ತ, ಬ್ಯಾಟನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಹೊರಟೇಬಿಡುತ್ತಿದ್ದ. ಅಂಪೈರ್ ಕಡೆ ಹೊರಳಿಯೂ ನೋಡುತ್ತಿರಲಿಲ್ಲ.

ಇದು ಅವನೊಬ್ಬನ ದೊಡ್ಡಸ್ತಿಕೆಯೇನಲ್ಲ, ನಮ್ಮ ಕಡೆಯ ರಿವಾಜು. ಅಥಣಿ, ಚಿಂಚಲಿ, ನಿಪ್ಪಾಣಿ, ಎಲ್ಲಿಯೇ ಆಡಲಿ, ಹೊರಗಿನ ಅಂಪೈರ್ ಎಲ್ಲಿಂದ ಬರಬೇಕು? ಬ್ಯಾಟಿಂಗ್ ಮಾಡುವ ತಂಡದವನೇ ಒಬ್ಬ ನಿಲ್ಲುತ್ತಿದ್ದ. ಅವನು ತನ್ನವರಿಗೆ ಔಟ್ ಕೊಡುತ್ತಾನೆಯೇ? ಹೀಗಾಗಿ ತಾಗಿದರೆ ಆಡುವವನೇ ಹೋಗಬೇಕು, ಇಲ್ಲವಾದರೆ ಸ್ಟಂಪು ಕಿತ್ತು ಹೊಡೆದಾಟ. ಚಿಂಚಲಿಯಲ್ಲೊಮ್ಮೆ ಗೆಲ್ಲಲು ನಾಲ್ಕೇ ರನ್ನು ಬೇಕಿದ್ದಾಗ ಭರಮು ಹೊರಟ. ಅಂಪೈರ್ ಆಗಿ ನಿಂತವನು ನಾನು.

"ಲೇ ಭರಮ್ಯಾ, ನಾ ಬೆರಳ ಎತ್ತೀನೇನ?"

"ನೀ ಎತ್ತೂತನಾ ನಿಂದರಬೇಕೇನ? ತಾಗೇತಿ. ಮುಗೀತು."

ಸೋತೆವು. ಅಂದು ಗೆದ್ದ ನಿಪ್ಪಾಣಿಯವರು ಅವನಿಗೆ 'ಔಟ್ ಸಾಹೇಬ' ಎಂದು ಹೆಸರಿಟ್ಟರು.

ಆದರೆ ಆಟವೆಂದರೆ ಆಟ. ನಾರಿನ ಮ್ಯಾಟಿನ ಮೇಲೆ ಎದೆಮಟ ಏಳುವ ಚೆಂಡನ್ನು ಮಲಗಿದ ಮಗುವನ್ನು ಇಳಿಸುವಂತೆ ಕಾಲಬುಡಕ್ಕೆ ಇಳಿಸುತ್ತಿದ್ದ. ಅಥಣಿಗೆ ಮೊಬೈಲು ಹೊಸದಾಗಿ ಬಂದ ಕಾಲದಲ್ಲಿ ರಾಜ್ಯ ತಂಡದಿಂದ ಕರೆ ಬಂತು. ದ್ರಾಕ್ಷಿ ತೋಟದವರು ಮನೆಗೆ ಬಾಕ್ಸುಗಟ್ಟಲೆ ದ್ರಾಕ್ಷಿ ಕಳಿಸಿದರು.

ಮೂರನೆಯ ಪಂದ್ಯಕ್ಕೆ ನಾನೂ ಬೆಂಗಳೂರಿಗೆ ಹೋಗಿದ್ದೆ. ಕೊನೆಯ ದಿನ, ಸೋಲು ತಪ್ಪಿಸಲು ಸಂಜೆತನಕ ಯಾರಾದರೂ ನಿಲ್ಲಬೇಕಿತ್ತು. ನಿಂತರೆ ತಂಡದಲ್ಲಿ ಭರಮುವಿನ ಜಾಗ ಗಟ್ಟಿ ಎಂದು ಕ್ಯಾಪ್ಟನ್ ಹೇಳಿದ್ದನಂತೆ. ಭರಮು ಬೆಳಗಿನಿಂದ ಅಲ್ಲಾಡದೆ ನಿಂತ. ಚಹಾದ ನಂತರ ಒಂದು ಸ್ಪಿನ್ ಚೆಂಡು, ಸಣ್ಣ ಸಪ್ಪಳ. ಕೀಪರನೂ ಅರೆಮನಸ್ಸಿನಿಂದ ಕೂಗಿದ. ಅಂಪೈರ್ ಇಲ್ಲವೆಂದು ತಲೆ ಅಲ್ಲಾಡಿಸುತ್ತಿದ್ದ. ಅಷ್ಟರಲ್ಲಿ ಗ್ಲೌಸು ಇವನ ಹಲ್ಲಿನಲ್ಲಿತ್ತು.

ತಂಡ ಸೋತಿತು. ಡ್ರೆಸ್ಸಿಂಗ್ ರೂಮಿನ ಬಾಗಿಲಲ್ಲೇ ಕ್ಯಾಪ್ಟನ್ ಹಿಡಿದ. "ಅಂಪೈರೇ ನಾಟೌಟ್ ಅಂತಿದ್ರಲ್ಲಪ್ಪ, ನಿನಗೇನು ಅವಸರ ಇತ್ತು?"

"ಸಪ್ಪಳಾತ್ರಿ," ಎಂದ ಭರಮು.

ಮುಂದಿನ ಪಂದ್ಯಕ್ಕೆ ಅವನ ಹೆಸರಿರಲಿಲ್ಲ, ಆಮೇಲೂ ಬರಲಿಲ್ಲ. "ಕರೀತಾರ ದೋಸ್ತ, ಇನ್ನೊಮ್ಮಿ ಕರೀತಾರ," ಎನ್ನುತ್ತ ದಿನಾ ಬೆಳಿಗ್ಗೆ ಮ್ಯಾಟು ಹಾಸುತ್ತಿದ್ದ. ಚೆಂಡು ಎಸೆಯಲು ನಾನು ಹೋಗುತ್ತಿದ್ದೆ. ಒಂದು ಮಳೆಗಾಲ ಮ್ಯಾಟು ಕೊಳೆಯಿತು. ಹೊಸದನ್ನು ತರುವ ಮಾತೆತ್ತದೆ ಸಕ್ಕರೆ ಕಾರ್ಖಾನೆಯ ಕೆಲಸಕ್ಕೆ ಸೇರಿಕೊಂಡ. ಮನೆಯಲ್ಲಿ ಟಿವಿಯಲ್ಲಿ ಕ್ರಿಕೆಟ್ ಬಂದರೆ ಎದ್ದು ಹೊರಗೆ ಹೋಗುತ್ತಿದ್ದ.

ಹತ್ತು ವರ್ಷದ ಮೇಲೆ ರಕ್ತದ ಕ್ಯಾನ್ಸರ್ ಎಂದು ಮೀರಜದ ಆಸ್ಪತ್ರೆಗೆ ಸೇರಿಸಿದರು. ಒಂದು ಮಧ್ಯಾಹ್ನ ಅವನ ಹೆಂಡತಿ ಸುನಂದಾ ವೈನಿಯ ಫೋನು. "ಮನೀಗಿ ಹೊಂಟಾರ್ರಿ ಇವರು. ನನ್ನ ಮಾತ ಕೇಳವಲ್ರು. ನೀವರ ಬರ್ರಿ."

ಹೋದೆ. ಮಂಚದ ಅಂಚಿಗೆ ಕುಳಿತು, ಸಲಾಯಿನ್ನಿನ ಪಟ್ಟಿಯನ್ನು ಹಲ್ಲಿನಿಂದ ಕಚ್ಚಿ ಎಳೆಯುತ್ತಿದ್ದ.

"ಡಾಕ್ಟರ್ ಇನ್ನೊಂದ ಔಷಧ ಐತಿ, ಹತ್ತಿದ್ರ ಹತ್ತಬಹುದು ಅನ್ನಾಕತ್ತಾರ. ನೀ ಯಾಕ ಹೊಂಟಿ?"

"ತಾಗೇತಿ ದೋಸ್ತ. ನನಗ ತಿಳಿತೈತಿ."

ನನಗೆ ತಡೆಯಲಾಗಲಿಲ್ಲ. "ಅವತ್ತರ ಖರೇ ತಾಗಿತ್ತೇನಲೇ?"

ಕಿತ್ತ ಪಟ್ಟಿಯನ್ನು ಬೆರಳಿಗೆ ಸುತ್ತಿಕೊಂಡ. "ಸಪ್ಪಳಾಗಿತ್ತು."

"ಪ್ಯಾಡಿಂದ ಇರಬಹುದಿತ್ತು."

"ಇರಬಹುದಿತ್ತು," ಎಂದ. "ನಿಂದ್ರಾಕ ನನಗ ಬರಂಗಿಲ್ಲೋ."

"ಇದೊಮ್ಮಿ ನಿಂದರಪಾ. ನಿನ್ನ ಕಾಲ ಬೀಳ್ತೀನಿ."

ಅವನು ಚಪ್ಪಲಿ ಹುಡುಕುತ್ತಿದ್ದ. ವೈನಿ ಗೋಡೆ ಕಡೆ ಮುಖ ಮಾಡಿ ಅಳುತ್ತಿದ್ದರು. ಕಾರಿನ ತನಕ ನನ್ನ ಹೆಗಲು ಹಿಡಿದು ನಡೆದ, ಹಿಂದೆ ಹೊರಳಲಿಲ್ಲ. ನಾನು ಹೊರಳಿದೆ. ಇನ್ನೊಂದು ಔಷಧ ಇದೆ ಎಂದಿದ್ದ ಎಳೆ ವಯಸ್ಸಿನ ಡಾಕ್ಟರು "ಥಾಂಬಾ, ಥಾಂಬಾ," ನಿಲ್ಲಿ ಎಂದು ಮರಾಠಿಯಲ್ಲಿ ಕೂಗುತ್ತ ಮೆಟ್ಟಿಲವರೆಗೆ ಬಂದು, ಇಲ್ಲ ಇಲ್ಲವೆಂದು ತಲೆ ಅಲ್ಲಾಡಿಸುತ್ತಿದ್ದರು.

ಆ ತಿಂಗಳೊಳಗೇ ಭರಮು ಹೋದ. ಮಣ್ಣಿಗೆ ಬಂದವರೆಲ್ಲ ಎಂಥ ಸಾಚಾ ಮನುಷ್ಯ ಎಂದರು. ನನಗೆ ಅವನ ಮೇಲಿನ ಸಿಟ್ಟು ಇಂದಿಗೂ ಇಳಿದಿಲ್ಲ. ಬೆಂಗಳೂರಿನಲ್ಲೂ ಮೀರಜದಲ್ಲೂ ಅವನಿಗೆ ಯಾರೂ ಔಟ್ ಕೊಟ್ಟಿರಲಿಲ್ಲ.