ಬೆನ್ನು ನೆಲಕ್ಕೆ ತಾಗಿದ ಮೇಲೆ

ಹೊಸ ಟಿ.ವಿ.ಯ ಡಬ್ಬಿ ಬಿಚ್ಚಿದಾಗ ಒಂದು ವಾಸನೆ ಬರುತ್ತದೆ, ನಿಮಗೂ ಗೊತ್ತಿರುತ್ತದೆ. ಥರ್ಮಾಕೋಲು, ಪ್ಲಾಸ್ಟಿಕ್ಕು, ಎಲ್ಲೋ ದೂರದ ಕಾರ್ಖಾನೆಯ ಗಾಳಿ, ಎಲ್ಲ ಬೆರೆತ ವಾಸನೆ. ಈ ಭಾನುವಾರ ಬೆಳಿಗ್ಗೆ ಬೆಟಗೇರಿಯ ನನ್ನ ಅಂಗಡಿಯಲ್ಲಿ ಅಂಥದ್ದೊಂದನ್ನು ಬಿಚ್ಚಿ, ಗೋಡೆಗೆ ಹಾಕಿ ಚಾಲೂ ಮಾಡುತ್ತಿದ್ದೆ. ಕೋಟುಮಚಗಿಯ ಗಿರಾಕಿಯೊಬ್ಬ ಬಂದ. ದರ ಕೇಳಲಿಲ್ಲ.

"ಆ ಪಂಜರದಾಗಿನ ಹೊಡದಾಟ ಇದರಾಗ ಬರ್ತೈತೇನ್ರಿ?" ಎಂದ.

ದರಕ್ಕಿಂತ ಮೊದಲು ಬೇರೇನನ್ನೋ ಕೇಳುವ ಗಿರಾಕಿ ಅರ್ಧ ಕೊಂಡಂತೆಯೇ. ವ್ಯಾಪಾರ ಮಾಡುವವರಿದ್ದರೆ ಇದನ್ನು ನೆನಪಿಡಿ.

ಅದಕ್ಕೆ ಮಿಕ್ಸೆಡ್ ಮಾರ್ಷಲ್ ಆರ್ಟ್ಸ್ ಎಂಬ ಉದ್ದದ ಹೆಸರಿದೆ. ಜಾಲರಿ ಕಟ್ಟಿದ ಅಂಕಣದಲ್ಲಿ ಗುದ್ದಬಹುದು, ಒದೆಯಬಹುದು, ಹಿಡಿದು ಕೆಡವಬಹುದು. ವಿದೇಶದ ದೊಡ್ಡ ಪಂದ್ಯಗಳು ನಮಗೆ ಭಾನುವಾರದ ಬೆಳಗಿಗೆ ನೇರಪ್ರಸಾರವಾಗುತ್ತವೆ, ಸರಿಯಾಗಿ ಮಿರ್ಚಿಭಜಿ ಎಣ್ಣೆಗೆ ಬೀಳುವ ಹೊತ್ತಿಗೆ. ಮೊದಮೊದಲು ನಾನು ಅದನ್ನು ಹಚ್ಚಿ, ಅಂಗಡಿ ಮುಂದೆ ನೆರೆದ ಮಂದಿಯನ್ನು ನೋಡಿ ಹಿಗ್ಗುತ್ತಿದ್ದೆ. ಮಂದಿ ಬಂತು, ಭಜಿ ತಿಂದಿತು, ಎಣ್ಣೆಗೈಯನ್ನು ನನ್ನ ಕಟ್ಟೆಗೆ ಒರೆಸಿ ಹೋಯಿತು. ಅಷ್ಟೆಲ್ಲ ಗದ್ದಲದಲ್ಲಿ ಲಾಭ ಆದದ್ದು ಎದುರಿನ ಭಜಿ ಅಂಗಡಿಯವನಿಗೆ.

ಇರಲಿ, ಹೇಳಹೊರಟಿದ್ದು ನಮ್ಮ ಫಕ್ಕೀರಪ್ಪ ಮಾವನ ಸಂಗತಿ.

ಅವರು ನನ್ನ ಅಕ್ಕ ಗಿರಿಜವ್ವನ ಗಂಡ. ಹರ್ತಿಯಲ್ಲಿ ಗರಡಿ ನಡೆಸುತ್ತಾರೆ. ಅರಿಶಿನ, ಎಣ್ಣೆ, ಮಜ್ಜಿಗೆ ಹಾಕಿ ಹದ ಮಾಡಿದ ಆ ಕೆಮ್ಮಣ್ಣಿನಲ್ಲೇ ಮಗಳು ರೇಣುಕಾ ಬೆಳೆದದ್ದು. ಊರ ಹುಡುಗರು ಅವಳ ಮುಂದೆ ಲಂಗೋಟಿ ಬಿಗಿಯಲು ಹಿಂದೆಮುಂದೆ ನೋಡುತ್ತಿದ್ದರು. ಅಂಥ ಹುಡುಗಿ ಒಂದು ದಿನ ಈ ಪಂಜರದಾಟ ಕಲಿಯಲು ಪುಣೆಗೆ ಹೋದಳು. ಮಾವ ಒಂದೇ ಮಾತು ಹೇಳಿದರು: "ಕುಸ್ತಿ ಬಿಟ್ಟು ಹೊಡದಾಟಕ್ಕ ಹೋದಾಕಿ ನನ್ನ ಗರಡಿ ಮಣ್ಣು ತುಳೀಬಾರದು." ಮನೆಗೆ ಬರಬೇಡ ಅನ್ನಲಿಲ್ಲ. ಆದರೆ ಗರಡಿಯ ಬಾಗಿಲು ಹಾಕಿದ ಮೇಲೆ ಅವಳಿಗೆ ಅದೆಂಥ ಮನೆ? ಬರಲೇ ಇಲ್ಲ. ಅಪ್ಪ ಮಗಳ ಮಾತು ನಿಂತು ವರ್ಷ ಕಳೆಯಿತು. ನಡುವೆ ಅಕ್ಕ ಸೊರಗುತ್ತಿದ್ದಳು.

ಅಷ್ಟರಲ್ಲಿ ರೇಣುಕಾಳ ಮೊದಲ ಪಂದ್ಯ ಟಿ.ವಿ.ಯಲ್ಲಿ ಬರುತ್ತದೆ ಎಂದು ಖಬರು ಬಂತು. ನಾನು ಚೌಕಾಸಿಗೆ ಇಳಿದೆ. ಚೌಕಾಸಿಯಲ್ಲಿ ಮೊದಲು ಸಿಗಲಾರದ್ದನ್ನೇ ಕೇಳಬೇಕು.

"ಮಾವಾರ, ಆಕೀನ್ನ ಗರಡಿಗೆ ಕರಕೋರಿ."

"ಆಗೂದಿಲ್ಲ."

"ಹೋಗ್ಲಿ, ಫೋನಿನ್ಯಾಗ ಮಾತಾಡ್ರಿ."

"ಆಗೂದಿಲ್ಲ ಅಂದ್ನಿಲ್ಲ."

"ಹಂಗಾರ ಒಂದು ಪಂದ್ಯ, ಕಡೀತನಕ ಕುಂತು ನೋಡ್ರಿ. ಸಾಕು."

ಎರಡು ಸಲ ಇಲ್ಲ ಎಂದವನಿಗೆ ಮೂರನೆಯದಕ್ಕೆ ಇಲ್ಲ ಎನ್ನಲು ಸಂಕೋಚವಾಗುತ್ತದೆ. "ನೀ ಬಾಳ ಉಡಾಳ ಸಾವಕಾರ ಅದಿ ಬಿಡು" ಎಂದು ಒಪ್ಪಿದರು.

ಅವರ ಮನೆಯಲ್ಲಿದ್ದದ್ದು ನಾನೇ ಕೊಟ್ಟ ಸಣ್ಣ ಟಿ.ವಿ. ಅಕ್ಕನ ಮನೆಯೆಂದು ಲಾಭ ತೆಗೆದುಕೊಂಡಿರಲಿಲ್ಲ. ಹೆಚ್ಚುಕಡಿಮೆ. ಕ್ರೀಡಾ ಚಾನೆಲ್ಲಿಗೆ ರಿಚಾರ್ಜ್ ಮಾಡಿಸಿ, ಪಂದ್ಯವಿದ್ದ ಸಂಜೆ ಹರ್ತಿಗೆ ಹೋಗಿ ಕುಳಿತೆ. ಮಾವ ಗೋಡೆಗೆ ಒರಗಿ, ಬಾಕಿ ತೀರಿಸದ ಗಿರಾಕಿಯ ಮುಖ ಮಾಡಿಕೊಂಡು ಕುಳಿತರು. ಗಂಟೆ ಹೊಡೆಯಿತು. ಎದುರಾಳಿ ರೇಣುಕಾಳ ಕಾಲಿಗೆ ಕೈ ಹಾಕಿ ಎತ್ತಿ ಒಗೆದಳು. ಹುಡುಗಿ ಅಂಗಾತ ಬಿದ್ದಳು.

"ಚಿತ್" ಎಂದರು ಮಾವ, ಸತ್ತ ದನಿಯಲ್ಲಿ. "ಮುಗೀತು."

ಕುಸ್ತಿಯಲ್ಲಿ ಭುಜ ಎರಡೂ ನೆಲಕ್ಕೆ ತಾಗಿದರೆ ಮುಗಿಯಿತಲ್ಲವೆ? ಆ ಮನೆಯಲ್ಲಿ ಅದು ತೊಟ್ಟಿಲಲ್ಲೇ ಕಲಿಯುವ ಪಾಠ. ಗಂಡನಿಗೆ ಇನ್ನಷ್ಟು ಅವಮಾನ ಬೇಡವೆಂದು ಅಕ್ಕ ಸ್ವಿಚ್ಚನ್ನೇ ಆರಿಸಿಬಿಟ್ಟಳು.

"ಅಕ್ಕಾ, ಹಚ್ಚಬೇ. ಇದರಾಗ ಬೆನ್ನು ಹತ್ತಿದ್ರ ಸೋತಂಗಲ್ಲ."

"ಮತ್ತ ಹೆಂಗ ಸೋಲ್ತಾರೋ ಮಾರಾಯಾ, ಊರು ಬಿಟ್ಟು ಓಡಿ ಹೋಗಬೇಕೇನು?"

ಹಚ್ಚಿದಳು. ಆದರೆ ಸೆಟ್‌ಟಾಪ್ ಬಾಕ್ಸಿಗೆ ನಮ್ಮ ಅವಸರ ತಿಳಿಯುತ್ತದೆಯೆ? ನೀಲಿ ಪರದೆ, ದಯವಿಟ್ಟು ಕಾಯಿರಿ. ನಾನು ಸಾವಿರಾರು ಮನೆಗಳಲ್ಲಿ "ಒಂದು ನಿಮಿಷ ತಡೀರಿ, ಬರ್ತೈತಿ" ಎಂದವನು. ಆ ನಿಮಿಷ ಎಷ್ಟು ಉದ್ದ ಎಂದು ಅವತ್ತೇ ಅಳೆದದ್ದು. ಚಿತ್ರ ಬಂದಾಗ ಪಂದ್ಯದ ಪಂಚ ರೇಣುಕಾಳ ಕೈಯನ್ನು ಮೇಲೆತ್ತಿ ಹಿಡಿದಿದ್ದ.

"ಇದರಾಗ ಮೋಸ ಐತಿ" ಎಂದರು ಮಾವ. "ಬಿದ್ದಾಕೀನ ಕೈ ಎತ್ಯಾರ."

ಆಗ ಚಾನೆಲ್ಲಿನವರು ಅದನ್ನೇ ನಿಧಾನವಾಗಿ ಮತ್ತೆ ತೋರಿಸಿದರು. ಗರಡಿಯಲ್ಲಿ ಕಣ್ಣು ಮಿಟುಕಿಸಿದರೆ ಪಟ್ಟು ಹೋಯಿತು. ಹೋದದ್ದನ್ನು ಮರಳಿ ತರುವ ವಿದ್ಯೆ ಅಲ್ಲಿಲ್ಲ. ಇಲ್ಲಿ ಕೆಳಗೆ ಬಿದ್ದ ರೇಣುಕಾ ಒಂದು ಕಾಲನ್ನು ಎದುರಾಳಿಯ ಕತ್ತಿನ ಮೇಲೆ ಹಾಕಿದಳು, ಅವಳ ತೋಳನ್ನು ಎದೆಗವಚಿಕೊಂಡು ಸೊಂಟ ಎತ್ತಿದಳು. ತೋಳು ಮುರಿಯುವ ಹೊತ್ತಿಗೆ ಎದುರಾಳಿ ಸೋಲೊಪ್ಪಿ ಪಟಪಟನೆ ತಟ್ಟಿದಳು. ಇನ್ನೊಂದು ಬದಿಯಿಂದ ತೋರಿಸಿದಾಗ ಮಾವನ ಬೆನ್ನು ಗೋಡೆ ಬಿಟ್ಟಿತ್ತು. ಮೇಲಿನಿಂದ ತೋರಿಸುವಾಗ ಅವರು ಟಿ.ವಿ.ಗೆ ಮೂಗು ತಾಗುವಷ್ಟು ಹತ್ತಿರವಿದ್ದರು.

"ಸೊಂಟ ಎತ್ತಿದ್ಲು ನೋಡು. ಅದನ್ನ ಕಲಿಸಿದಾಂವ ನಾನು. ಇನ್ನೊಮ್ಮೆ ಹಚ್ಚು."

"ಅದು ನನ್ನ ಕೈಯಾಗ ಇಲ್ರಿ ಮಾವಾರ."

ಸಾಬೂನಿನ ಜಾಹೀರಾತು ಬಂತು. ಆ ಸಾಬೂನಿಗೆ ಮಾವ ಬೈದ ಬೈಗುಳವನ್ನು ಇಲ್ಲಿ ಬರೆಯಲಾರೆ. ಮತ್ತೆ ಅವಳ ಮುಖ ಬಂದಾಗ ಕೆಳಗೆ ಹೆಸರು, ಹೆಸರಿನ ಮುಂದೆ ಪುಣೆ ಎಂದಿತ್ತು.

"ಪುಣೆ ಅಂತ ಯಾಕ ಹಾಕ್ಯಾರ? ಸೊಂಟ ಹರ್ತೀದು, ಹೆಸರು ಪುಣೇದೇನು?"

ಗಿರಾಕಿ ತಾನಾಗಿ ಬಾಯಿಬಿಟ್ಟಾಗ ನಾವು ಸುಮ್ಮನೆ ದಾರಿ ತೋರಿಸಬೇಕು, ಅಷ್ಟೆ. "ಊರು ಯಾವುದಂತ ಆಡಾವ್ರನ್ನ ಕೇಳಿ ಹಾಕ್ತಾರ. ಆಕೀನ್ನ ಕೇಳ್ರಿ" ಎಂದೆ. ಸ್ವಲ್ಪ ಹೊತ್ತು ಬಿಟ್ಟು ರೇಣುಕಾಗೆ ಫೋನು ಹಚ್ಚಿ, ಸ್ಪೀಕರ್ ಒತ್ತಿ ಅವರ ಕೈಯಲ್ಲಿಟ್ಟೆ. ಮಾವ ಅದನ್ನು ಬಿಸಿ ರೊಟ್ಟಿಯಂತೆ ಹಿಡಿದರು.

"ಏನಬೇ, ನಿನಗ ಊರಿಲ್ಲೇನು?"

ಅತ್ತ ಕಡೆಯಿಂದ ರೇಣುಕಾ ಅಂದಳು: "ಹರ್ತಿ ಗರಡಿ ಅಂತ ಹಾಕಸಾಕ ನಿಮ್ಮ ಒಪ್ಪಿಗಿ ಇರಲಿಲ್ಲಲ್ಲಪ್ಪಾ."

ಅಕ್ಕ ಸೆರಗನ್ನು ಬಾಯಿಗೊತ್ತಿಕೊಂಡಳು. ಮಾವ ಫೋನನ್ನು ಬಾಯಿಯ ಹತ್ತಿರ ತಂದರು.

"ಒಪ್ಪಿಗಿ ಬೇಕಾದ್ರ ಗರಡಿಗೆ ಬಂದು ಕೇಳಬೇಕು. ಅಲ್ಲೇ ನಿಂತು ಕೇಳಿದ್ರ ಕೊಡೂದಿಲ್ಲ."

ಬಂದಳು, ಅದೇ ವಾರ. ಆಮೇಲೆ ಎಷ್ಟೋ ಸಲ ಬಂದಿದ್ದಾಳೆ. ಅವಳು ಬಂದಾಗ ಸುತ್ತಲ ಹಳ್ಳಿಗಳ ಹುಡುಗಿಯರು ಗರಡಿಗೆ ಬರುತ್ತಾರೆ. ಇದು ಕುಸ್ತಿಯೇ ಅಲ್ಲ ಎಂದು ಮಾವ ಇಂದಿಗೂ ವಾದಿಸುತ್ತಾರೆ, ಮಣ್ಣಿಗೆ ಮಜ್ಜಿಗೆ ಹಾಕುತ್ತಲೇ.

ಈ ಭಾನುವಾರ ಕೋಟುಮಚಗಿಯವನಿಗೆ ನಾನು ಉತ್ತರ ಕೊಡುವ ಪ್ರಸಂಗವೇ ಬರಲಿಲ್ಲ. ಪರದೆಯ ಮೇಲೆ ಪಂದ್ಯ ಮೂಡುತ್ತಿದ್ದಂತೆ, ಬಾಗಿಲ ಬಳಿ ನನ್ನ ಒಳ್ಳೆಯ ಕುರ್ಚಿ ಹಿಡಿದು ಕುಳಿತಿದ್ದ ಮಾವ, ಪಂಜರದಲ್ಲಿ ಯಾರು ಯಾವ ಪಟ್ಟು ತಪ್ಪಿಸಿದರು ಎಂದು ಅವನಿಗೂ ಭಜಿ ತಿನ್ನುತ್ತಿದ್ದ ಮಂದಿಗೂ ಬಿಡಿಸಿ ಹೇಳುತ್ತಿದ್ದರು. ನಾನು ನನ್ನ ಜಾಣತನ ಬಿಡಲಿಲ್ಲ.

"ಮಾವಾರ, ಮನೀಗೂ ಇಂಥಾ ದೊಡ್ಡದು ಒಂದು ಒಯ್ಯಿರಿ. ಖರೀದಿ ದರಕ್ಕ ಕೊಡ್ತೀನಿ."

ಅವರು ಪರದೆಯಿಂದ ಕಣ್ಣು ತೆಗೆಯಲಿಲ್ಲ. "ಒಬ್ಬಾಂವ ಮನ್ಯಾಗ ಕುಂತು ನೋಡಿದ್ರ, ನನ್ನ ಮಗಳು ಈ ಪಟ್ಟು ಹೆಂಗ ಹಾಕ್ತಾಳ ಅಂತ ಯಾರಿಗೆ ಹೇಳ್ಲಿ?"